ನಾಲ್ಕನೇ ನಂಬರು, ಐದನೇ ನಂಬರು

ಕೆನಡಾದ ಕ್ಯಾಲ್ಗರಿಯಲ್ಲಿ ನಮಗೆ ಅದು ಮೊದಲ ಚಳಿಗಾಲ. 2012ರ ಮಾರ್ಚ್. ನಮ್ಮ ಮನೆಯವರ ಆಫೀಸಿನ ಹಿರಿಯರೊಬ್ಬರ ಹತ್ತಿರ ಎರಡು ಟಿಕೆಟ್ ಜಾಸ್ತಿ ಇದ್ದವು. "ಈ ಊರಿಗೆ ಬಂದು ಹಾಕಿ ನೋಡದೆ ಇದ್ದರೆ ಹೇಗೆ?" ಅಂತ ನಮ್ಮಿಬ್ಬರನ್ನೂ ಸ್ಯಾಡಲ್‌ಡೋಮ್ ಅನ್ನುವ ಐಸ್ ಹಾಕಿ ಕ್ರೀಡಾಂಗಣಕ್ಕೆ ಕರೆದುಕೊಂಡು ಹೋದರು. ಕುದುರೆಯ ಜೀನಿನ ಹಾಗೆ ನಡುವೆ ತಗ್ಗಿ ಎರಡು ಕಡೆ ಮೇಲೆದ್ದ ಚಾವಣಿ ಅದರದ್ದು. ಹೊರಗೆ ಹಿಮ ಕರಗಿ ಕೆಸರಾಗಿತ್ತು. ಒಳಗೂ ನಾನು ಕೋಟು ಬಿಚ್ಚದೆ ಕೂತಿದ್ದೆ.

ಮೊದಲ ಹತ್ತು ನಿಮಿಷ ನನಗೆ ಪಕ್ ಕಾಣಲೇ ಇಲ್ಲ. ಅದು ಮೂರು ಇಂಚು ಅಗಲದ ಕಪ್ಪು ರಬ್ಬರ್ ಬಿಲ್ಲೆ. ಇನ್ನೂರು ಅಡಿ ಉದ್ದದ ಮಂಜುಗಡ್ಡೆಯ ಮೇಲೆ ಅದು ಎಲ್ಲಿಂದ ಎಲ್ಲಿಗೆ ಹೋಯಿತು ಅಂತ ಕಣ್ಣಿಗೆ ಗೊತ್ತಾಗುವಷ್ಟರಲ್ಲಿ ಜನ ಎದ್ದು ಕೂಗುತ್ತಿದ್ದರು. ಮುಕ್ಕಾಲು ನಿಮಿಷಕ್ಕೊಮ್ಮೆ ಆಟಗಾರರು ಬೇಲಿ ಹಾರಿ ಒಳಗೆ ಬರುತ್ತಾರೆ, ಆಡುತ್ತಿದ್ದವರು ಹೊರಗೆ ಹೋಗುತ್ತಾರೆ. ಯಾರು ಯಾರೆಂದೇ ತಿಳಿಯದು. ನನ್ನ ಪಾಡು ನೋಡಿ ಆ ಹಿರಿಯರು ಮೆಲ್ಲಗೆ ಹೇಳಿದರು: "ಪಕ್ ಹುಡುಕಬೇಡಮ್ಮ. ಆ ನಾಲ್ಕು ಮತ್ತು ಐದನೇ ನಂಬರಿನವರನ್ನು ನೋಡ್ತಾ ಇರು. ಇವರು ಹದಿನೆಂಟು ವರ್ಷದವರಾಗಿದ್ದಾಗ, ದೊಡ್ಡ ತಂಡಗಳು ಹೊಸ ಹುಡುಗರನ್ನು ಆರಿಸಿಕೊಳ್ಳುವಾಗ, ನಾಲ್ಕನೇ ನಂಬರಿನವನನ್ನು ಎಲ್ಲರಲ್ಲಿ ಮೂರನೆಯವನಾಗಿ ಆರಿಸಿದರು. ಐದನೇ ನಂಬರಿನವನನ್ನು ಯಾರೂ ಆರಿಸಲೇ ಇಲ್ಲ."

ನಾಲ್ಕು ಅಂದರೆ ಜೇ ಬೌಮೀಸ್ಟರ್. ಐದು ಅಂದರೆ ಮಾರ್ಕ್ ಜಿಯೋರ್ಡಾನೊ. ಕ್ಯಾಲ್ಗರಿ ಫ್ಲೇಮ್ಸ್ ತಂಡದ ಡಿಫೆನ್ಸ್‌ಮನ್‌ಗಳು. ಎಷ್ಟೋ ಪಂದ್ಯಗಳಲ್ಲಿ ಒಬ್ಬರ ಪಕ್ಕ ಒಬ್ಬರು ಜೋಡಿಯಾಗಿ ಆಡಿದವರು. ನಾನು ಆವತ್ತು ಪಂದ್ಯವಿಡೀ ಆ ಎರಡು ಬೆನ್ನುಗಳನ್ನೇ ನೋಡಿದೆ. ಇವರಲ್ಲಿ ಯಾರನ್ನು ಆರಿಸಿದ್ದು, ಯಾರನ್ನು ಬಿಟ್ಟಿದ್ದು ಅಂತ ಆಟ ನೋಡಿ ಹೇಳಲು ನನ್ನಿಂದ ಆಗಲಿಲ್ಲ.

ಮನೆಗೆ ಬಂದು ಹುಡುಕಿದಾಗ ಇನ್ನೊಂದು ವಿಷಯ ಸಿಕ್ಕಿತು. ಬೌಮೀಸ್ಟರ್ ಹುಟ್ಟಿದ್ದು 1983ರ ಸೆಪ್ಟೆಂಬರ್ 27ಕ್ಕೆ, ಎಡ್ಮಂಟನ್‌ನಲ್ಲಿ. ಜಿಯೋರ್ಡಾನೊ ಹುಟ್ಟಿದ್ದು ಅಕ್ಟೋಬರ್ 3ಕ್ಕೆ, ಟೊರಾಂಟೊದಲ್ಲಿ. ಆರೇ ದಿನದ ಅಂತರ. ಅಂದರೆ ಇಬ್ಬರ ಹೆಸರೂ ಮೊದಲ ಸಲ ಆ ಆಯ್ಕೆಗೆ, ಅಂದರೆ ಡ್ರಾಫ್ಟಿಗೆ, ಬರಬಹುದಾಗಿದ್ದು ಒಂದೇ ವರ್ಷ, 2002ರಲ್ಲಿ. ಆ ವರ್ಷ ಡ್ರಾಫ್ಟ್ ನಡೆದ ಊರು ಟೊರಾಂಟೊ. ಜಿಯೋರ್ಡಾನೊನ ಸ್ವಂತ ಊರಿನಲ್ಲೇ ಎರಡು ದಿನ ಕೂತು ಸುಮಾರು 290 ಹುಡುಗರ ಹೆಸರು ಕೂಗಿದರು. ಅದರಲ್ಲಿ ಅವನ ಹೆಸರು ಇರಲಿಲ್ಲ.

ಡ್ರಾಫ್ಟ್ ಅಂದರೆ ನಮ್ಮವರು ಐಪಿಎಲ್ ಹರಾಜಿನ ಹಾಗೆ ಅಂದುಕೊಳ್ಳುತ್ತಾರೆ. ಅದು ಬೇರೆ, ಇದು ಬೇರೆ. ಹರಾಜಿನಲ್ಲಿ ದುಡ್ಡು ಕೂಗುತ್ತಾರೆ. ಇಲ್ಲಿ ತಂಡಗಳು ಸರದಿಯಲ್ಲಿ ನಿಲ್ಲುತ್ತವೆ. ಹಿಂದಿನ ವರ್ಷ ಸೋತವರಿಗೆ ಸಾಮಾನ್ಯವಾಗಿ ಮೊದಲ ಸರದಿ. ಸರದಿ ಬಂದಾಗ ಒಬ್ಬ ಹುಡುಗನ ಹೆಸರು ಹೇಳಿದರೆ ಎನ್‌ಎಚ್‌ಎಲ್‌ನಲ್ಲಿ, ಅಂದರೆ ಕೆನಡಾ-ಅಮೆರಿಕದ ದೊಡ್ಡ ಹಾಕಿ ಲೀಗಿನಲ್ಲಿ, ಅವನ ಮೇಲಿನ ಹಕ್ಕು ಆ ತಂಡದ್ದು. ಈಗ ಏಳು ಸುತ್ತು. ಆಗ ಒಂಬತ್ತು ಸುತ್ತು ಇತ್ತು. ಒಂಬತ್ತು ಸುತ್ತು ಕೂಗಿದರೂ ಹೆಸರು ಬರಲಿಲ್ಲ ಅಂದರೆ, ಮೂವತ್ತು ತಂಡಗಳಲ್ಲಿ ಒಂದಕ್ಕೂ ಕೊನೆಯ ಸರದಿಯನ್ನು ಕೂಡ ಈ ಹುಡುಗನ ಮೇಲೆ ಖರ್ಚು ಮಾಡುವ ಮನಸ್ಸಾಗಲಿಲ್ಲ ಅಂತ ಅರ್ಥ. 2003ರಲ್ಲೂ ಅದೇ ಆಯಿತು.

ಈ ಹುಡುಗನನ್ನು ಯಾಕೆ ಬಿಟ್ಟರು ಅನ್ನುವುದಕ್ಕೆ ಅವನು ಆಡುತ್ತಿದ್ದ ಜಾಗದಲ್ಲೇ ಒಂದಿಷ್ಟು ಉತ್ತರ ಇದೆ ಅನ್ನಿಸುತ್ತದೆ ನನಗೆ. ಫಾರ್ವರ್ಡ್ ಗೋಲು ಹೊಡೆಯುತ್ತಾನೆ, ಅದು ಕಾಣುತ್ತದೆ. ಡಿಫೆನ್ಸ್‌ಮನ್ ಕೆಲಸ ಹಾಗಲ್ಲ. ಎದುರಿಗೆ ಗಂಟೆಗೆ ಮೂವತ್ತು ನಲವತ್ತು ಕಿಲೋಮೀಟರ್ ವೇಗದಲ್ಲಿ ಒಬ್ಬ ನುಗ್ಗಿ ಬರುತ್ತಿರುವಾಗ ಡಿಫೆನ್ಸ್‌ಮನ್ ಹಿಮ್ಮುಖವಾಗಿ ಜಾರಬೇಕು. ತೀರಾ ಹತ್ತಿರವಾದರೆ ಎದುರಾಳಿ ಪಕ್ಕದಿಂದ ನುಸುಳಿ ಹೋಗುತ್ತಾನೆ. ತೀರಾ ದೂರವಾದರೆ ಅವನಿಗೆ ಹೊಡೆಯಲು ಜಾಗ ಸಿಗುತ್ತದೆ. ಆ ಒಂದು ಮಾರು ಅಂತರವನ್ನು ಕಾಯ್ದುಕೊಂಡು, ಅವನನ್ನು ಮೆಲ್ಲಗೆ ಗೋಡೆಯ ಕಡೆಗೆ ತಳ್ಳುತ್ತಾ ಹೋಗಬೇಕು. ಚೆನ್ನಾಗಿ ಮಾಡಿದರೆ ಏನೂ ಆಗುವುದಿಲ್ಲ. ಪಕ್ ಮೂಲೆಗೆ ಹೋಗುತ್ತದೆ, ಆಟ ಮುಂದುವರಿಯುತ್ತದೆ.

ನಮ್ಮ ಕಡೆ ಕಡಲೆಕಾಯಿ ಹೊಲ ಕಾಯುವವರು ಇರುತ್ತಿದ್ದರು. ರಾತ್ರಿಯೆಲ್ಲ ಅಟ್ಟಣೆ ಮೇಲೆ ಕೂತು ಡಬ್ಬ ಬಡಿಯುವುದು. ಹಂದಿ ನುಗ್ಗಿದ ದಿನ ಊರೆಲ್ಲ ಅವರನ್ನು ಬೈಯುತ್ತಿತ್ತು. ನುಗ್ಗದೆ ಇದ್ದ ನೂರು ರಾತ್ರಿಗಳ ಬಗ್ಗೆ ಯಾರೂ ಮಾತಾಡುತ್ತಿರಲಿಲ್ಲ. ಡಿಫೆನ್ಸ್ ಆಡುವ ಹುಡುಗನನ್ನು ಹದಿನೆಂಟನೇ ವಯಸ್ಸಿಗೆ ಅಳೆಯುವುದು ಅಂದರೆ ಆ ನೂರು ರಾತ್ರಿಗಳನ್ನು ಲೆಕ್ಕ ಹಾಕಿದ ಹಾಗೆ. ಅದೂ ಅಲ್ಲದೆ ಆ ಕೆಲಸ ಕಲಿಯಲು ವರ್ಷಗಳು ಬೇಕು. ಬ್ರಯಾನ್ ರಫಾಲ್ಸ್ಕಿಯನ್ನೂ ಯಾರೂ ಆರಿಸಿರಲಿಲ್ಲ. ಸ್ವೀಡನ್, ಫಿನ್ಲೆಂಡ್ ಸುತ್ತಿ 26ನೇ ವಯಸ್ಸಿಗೆ ಎನ್‌ಎಚ್‌ಎಲ್‌ಗೆ ಬಂದು, ಲೀಗ್ ಗೆದ್ದ ತಂಡಕ್ಕೆ ಕೊಡುವ ಸ್ಟ್ಯಾನ್ಲಿ ಕಪ್ ಅನ್ನು ಮೂರು ಸಲ ಗೆದ್ದ. ಡ್ಯಾನ್ ಬಾಯ್ಲ್‌ನನ್ನೂ ಬಿಟ್ಟಿದ್ದರು. 2004ರ ಫೈನಲ್‌ನಲ್ಲಿ ಟ್ಯಾಂಪಾ ಬೇ ಪರ ಆಡಿ ಇದೇ ಕ್ಯಾಲ್ಗರಿಯನ್ನು ಸೋಲಿಸಿದವರಲ್ಲಿ ಅವನೂ ಒಬ್ಬ. ಇವರಿಬ್ಬರೂ ಡಿಫೆನ್ಸ್‌ಮನ್‌ಗಳೇ.

ಜಿಯೋರ್ಡಾನೊ ಎರಡು ವರ್ಷ ಓವೆನ್ ಸೌಂಡ್ ಅಟ್ಯಾಕ್ ಅನ್ನುವ ಜೂನಿಯರ್ ತಂಡಕ್ಕೆ ಆಡಿದ. ಹ್ಯೂರಾನ್ ಸರೋವರದ ಕೊಲ್ಲಿಯೊಂದರ ದಡದ ಸಣ್ಣ ಊರು ಅದು. ಚೆನ್ನಾಗಿಯೇ ಆಡಿದ. 2004ರಲ್ಲಿ ಜೂನಿಯರ್ ಆಟ ಮುಗಿದಾಗ ಕೈಯಲ್ಲಿ ಏನೂ ಇರಲಿಲ್ಲ. ಟೊರಾಂಟೊದ ಯಾರ್ಕ್ ವಿಶ್ವವಿದ್ಯಾಲಯಕ್ಕೆ ಸೇರಿ ಬಿಸಿನೆಸ್ ಓದುವುದು ಅಂತ ಗೊತ್ತುಮಾಡಿಕೊಂಡಿದ್ದ. ಅಷ್ಟರಲ್ಲಿ ಕ್ಯಾಲ್ಗರಿಯಿಂದ ಕರೆ ಬಂತು. ಬೇಸಿಗೆ ಶಿಬಿರಕ್ಕೆ ಬಾ, ನೋಡೋಣ ಅಂತ. ನೋಡಿದರು, ಒಪ್ಪಂದ ಕೊಟ್ಟರು.

ಇಂಥ ಕತೆಗಳನ್ನು ಹೇಳುವವರು ಸಾಮಾನ್ಯವಾಗಿ ಇಲ್ಲಿಗೆ ನಿಲ್ಲಿಸುತ್ತಾರೆ. ಬಾಗಿಲು ತೆರೆಯಿತು, ಒಳಗೆ ಹೋದ, ಶುಭಂ. ನನಗೆ ಮುಖ್ಯ ಅನ್ನಿಸುವುದು ಅದರ ಮುಂದಿನ ಮೂರು ನಾಲ್ಕು ವರ್ಷ.

ಅದಕ್ಕೆ ಮೊದಲು ನನ್ನ ವಿಷಯ ಸ್ವಲ್ಪ ಹೇಳಬೇಕು.

ಕೆನಡಾಕ್ಕೆ ಬರುವ ಮುಂಚೆ ನಾನು ಅತಿಥಿ ಉಪನ್ಯಾಸಕಿಯಾಗಿದ್ದೆ. ಚಿತ್ರದುರ್ಗ ಜಿಲ್ಲೆಯ ಒಂದು ಪದವಿ ಕಾಲೇಜಿನಲ್ಲಿ ನಾಲ್ಕು ವರ್ಷ ಕಾಮರ್ಸ್ ಪಾಠ ಮಾಡಿದೆ. ಸೇರಿದ್ದು 2007ರ ಜುಲೈನಲ್ಲಿ. ಕಾಯಂ ಹುದ್ದೆಯ ಪಟ್ಟಿಯಲ್ಲಿ ನನ್ನ ಹೆಸರು ಬಂದಿರಲಿಲ್ಲ. ಅತಿಥಿಯಾಗಿ ಬನ್ನಿ ಅಂದರು, ಹೋದೆ.

ಅತಿಥಿ. ಎಂಥ ಒಳ್ಳೆಯ ಪದ ಅಲ್ವಾ. ಆ ಪದದ ಒಳಗೆ ಕೂತವರಿಗೇ ಗೊತ್ತು ಅದರ ಸಂಕಟ. ಅತಿಥಿ ಆದವರು ಮನೆಯವರ ಹತ್ತಿರ ಏನನ್ನೂ ಕೇಳಬಾರದು. ಹಾಕಿದ್ದನ್ನು ಉಣ್ಣಬೇಕು, ಕೂರಿಸಿದ ಕಡೆ ಕೂರಬೇಕು. ಹಾಜರಿ ಪುಸ್ತಕ ಬೇರೆ. ಸ್ಟಾಫ್ ರೂಮಿನಲ್ಲಿ ಖಾಲಿ ಇದ್ದ ಕುರ್ಚಿ ನಮ್ಮದು, ಕಾಯಂನವರು ಬಂದರೆ ಏಳಬೇಕು. ಗೌರವಧನ ತಿಂಗಳುಗಟ್ಟಲೆ ತಡವಾಗಿ ಬರುತ್ತಿತ್ತು. ಏಪ್ರಿಲ್ ಮೇ ತಿಂಗಳಲ್ಲಿ ಬರುತ್ತಲೇ ಇರಲಿಲ್ಲ. ಪ್ರತಿ ಜೂನ್‌ನಲ್ಲೂ ಮತ್ತೆ ಕರೆಯುತ್ತಾರೋ ಇಲ್ಲವೋ ಅಂತ ಹೊಟ್ಟೆಯಲ್ಲಿ ಒಂದು ತಳಮಳ. ಪಾಠ ಮಾತ್ರ ಎಲ್ಲರಷ್ಟೇ, ಒಮ್ಮೊಮ್ಮೆ ಜಾಸ್ತಿಯೇ.

ಎರಡನೇ ವರ್ಷ ಧೈರ್ಯ ಮಾಡಿ ಒಮ್ಮೆ ಕೇಳಿದೆ. ಬೇಸಿಗೆಯಲ್ಲಿ ಮೌಲ್ಯಮಾಪನದ ಕೆಲಸವಾದರೂ ಕೊಡಿಸಿ ಸರ್, ಎರಡು ತಿಂಗಳು ಕೈ ಖಾಲಿ ಇರುತ್ತೆ ಅಂತ. ಮೇಲಿನವರು ಸಿಟ್ಟು ಮಾಡಲಿಲ್ಲ. ನಗುತ್ತಲೇ ಹೇಳಿದರು: "ನಿಮಗೆ ಇದು ಸಿಕ್ಕಿದ್ದೇ ಹೆಚ್ಚು ಅಂದ್ಕೊಳ್ಳಿ ಮೇಡಂ. ಹೊರಗೆ ಎಷ್ಟು ಜನ ಕಾಯ್ತಿದ್ದಾರೆ ಗೊತ್ತಾ?"

ಸಿಕ್ಕಿದ್ದೇ ಹೆಚ್ಚು. ಈ ಮಾತನ್ನು ನಾನು ನಂಬಿದೆ. ಅದು ನನ್ನ ತಪ್ಪು ಅಂತ ಈಗ ಅನ್ನಿಸುತ್ತದೆ, ಆಗ ಅನ್ನಿಸಲಿಲ್ಲ. ಪಟ್ಟಿಯಲ್ಲಿ ಇಲ್ಲದವಳನ್ನು ಒಳಗೆ ಬಿಟ್ಟುಕೊಂಡಿದ್ದಾರೆ, ನಾನು ಕೃತಜ್ಞಳಾಗಿರಬೇಕು ಅಂತ ನಾಲ್ಕು ವರ್ಷ ತಲೆ ತಗ್ಗಿಸಿದೆ. ಕೃತಜ್ಞತೆ ಒಳ್ಳೆಯ ಗುಣ. ಆದರೆ ಯಾರೋ ಇನ್ನೊಬ್ಬರು ಅದನ್ನು ನಮ್ಮ ಮೇಲೆ ಸಾಲದ ಹಾಗೆ ಬರೆದಿಟ್ಟರೆ ಅದರ ಬಡ್ಡಿ ತೀರುವುದೇ ಇಲ್ಲ.

ಈಗ ಜಿಯೋರ್ಡಾನೊನ ಕಡೆಗೆ.

2004-05ರಲ್ಲಿ ಎನ್‌ಎಚ್‌ಎಲ್ ನಡೆಯಲೇ ಇಲ್ಲ. ಮಾಲೀಕರಿಗೂ ಆಟಗಾರರಿಗೂ ಸಂಬಳದ ಜಗಳವಾಗಿ ಇಡೀ ವರ್ಷದ ಆಟ ರದ್ದಾಯಿತು. ಎನ್‌ಎಚ್‌ಎಲ್‌ನಲ್ಲಿ ಆಡಬೇಕಿದ್ದ ಎಷ್ಟೋ ಎಳೆಯ ಹುಡುಗರು ಕೆಳಗಿನ ಎಎಚ್‌ಎಲ್‌ನಲ್ಲಿ ಆಡಿದರು. ಜಿಯೋರ್ಡಾನೊನನ್ನು ಕಳಿಸಿದ್ದು ಮ್ಯಾಸಚೂಸೆಟ್ಸ್‌ನ ಲೊವೆಲ್ ಊರಿನ ತಂಡಕ್ಕೆ. ಕ್ಯಾಲ್ಗರಿ ಮತ್ತು ಕ್ಯಾರೊಲೈನಾ ಎರಡೂ ತಂಡಗಳ ಹುಡುಗರು ಅಲ್ಲಿದ್ದರು. ಡ್ರಾಫ್ಟಿನಲ್ಲಿ ಎರಡನೆಯವನಾಗಿ ಆಯ್ಕೆಯಾಗಿದ್ದ ಎರಿಕ್ ಸ್ಟಾಲ್ ಅದೇ ತಂಡದಲ್ಲಿ. ಯಾರೂ ಆರಿಸದ ಹುಡುಗನಿಗೆ ಮೊದಲ ವರ್ಷವೇ ಅಂಥವರ ಜೊತೆ ದಿನಾ ಅಭ್ಯಾಸ. ಇದಕ್ಕಿಂತ ಒಳ್ಳೆಯ ಶಾಲೆ ಸಿಗುತ್ತಿರಲಿಲ್ಲ ಅನ್ನಿಸುತ್ತದೆ.

ಮರುವರ್ಷ ಒಮಾಹಾ. ಆ ತಂಡದ ಹೆಸರು ಅಕ್-ಸಾರ್-ಬೆನ್ ನೈಟ್ಸ್. ನೆಬ್ರಾಸ್ಕ ಅನ್ನುವುದನ್ನು ಇಂಗ್ಲಿಷಿನಲ್ಲಿ ತಿರುಗಿಸಿ ಓದಿದರೆ ಅಕ್-ಸಾರ್-ಬೆನ್. ಇದನ್ನು ಕಂಡುಹಿಡಿದ ದಿನ ನನಗೆ ಬಹಳ ಖುಷಿಯಾಗಿತ್ತು. ಅಲ್ಲಿ ಅವನು ಡಿಫೆನ್ಸ್‌ನಿಂದಲೇ ಗೋಲುಗಳನ್ನು ಹೊಡೆದ, ಹೊಡೆಸಿದ. ಜಗಳದ ನಂತರ ಎನ್‌ಎಚ್‌ಎಲ್ ನಿಯಮಗಳೂ ಬದಲಾಗಿದ್ದವು. ಎದುರಾಳಿಯನ್ನು ಕೋಲಿನಿಂದ ಸಿಕ್ಕಿಸಿ, ತೋಳಿನಿಂದ ಹಿಡಿದು ನಿಲ್ಲಿಸುವುದಕ್ಕೆ ಕಡಿವಾಣ ಬಿತ್ತು. ದಪ್ಪ ಮೈಗಿಂತ ಚುರುಕು ಕಾಲಿಗೆ ಬೆಲೆ ಬಂತು. ಜಿಯೋರ್ಡಾನೊ ಆರಡಿ ಎತ್ತರ. ಡಿಫೆನ್ಸ್‌ಮನ್‌ಗೆ ಅದು ದೊಡ್ಡ ಮೈಯಲ್ಲ. ಕಾಲು ಚುರುಕು.

2006ರ ಜನವರಿ 30ಕ್ಕೆ ಎನ್‌ಎಚ್‌ಎಲ್‌ನಲ್ಲಿ ಮೊದಲ ಪಂದ್ಯ. ಅದೇ ಅಕ್ಟೋಬರ್‌ನಲ್ಲಿ ಟೊರಾಂಟೊದಲ್ಲಿ, ಅವನ ಹೆಸರು ಕೂಗದೆ ಹೋದ ಅದೇ ಊರಿನಲ್ಲಿ, ಮೊದಲ ಗೋಲು. ಒಂದಲ್ಲ, ಅವತ್ತು ಎರಡು ಹೊಡೆದ. 2006-07ರಲ್ಲಿ 48 ಪಂದ್ಯ ಆಡಿದ.

ಆಮೇಲೆ ಬಂತು 2007ರ ಬೇಸಿಗೆ.

ಹೊಸ ಒಪ್ಪಂದ ಬರೆಯುವ ಸಮಯ. ಫ್ಲೇಮ್ಸ್ ಆ ಬೇಸಿಗೆಯಲ್ಲಿ ಕೋರಿ ಸಾರಿಚ್, ಏಡ್ರಿಯನ್ ಒಕಾಯಿನ್ ಅನ್ನುವ ಅನುಭವಿ ಡಿಫೆನ್ಸ್‌ಮನ್‌ಗಳನ್ನು ತಂದಿತ್ತು. ಜಿಯೋರ್ಡಾನೊಗೆ ಟೂ-ವೇ ಒಪ್ಪಂದ ಮುಂದಿಟ್ಟರು. ಅಂದರೆ ಒಂದೇ ಕಾಗದದಲ್ಲಿ ಎರಡು ಸಂಬಳ. ಎನ್‌ಎಚ್‌ಎಲ್‌ನಲ್ಲಿ ಆಡಿದ ದಿನ ಒಂದು, ಕೆಳಗಿನ ಲೀಗಿಗೆ ಕಳಿಸಿದ ದಿನ ಅದಕ್ಕಿಂತ ಎಷ್ಟೋ ಕಡಿಮೆ ಇನ್ನೊಂದು. ಹಾಗಾಗಿ ಕೆಳಗೆ ಕಳಿಸಲು ತಂಡಕ್ಕೆ ಹೊರೆಯೇ ಇಲ್ಲ. ಒನ್-ವೇ ಆದರೆ ಎಲ್ಲಿ ಆಡಿಸಿದರೂ ಪೂರ್ತಿ ಸಂಬಳ ಕೊಡಬೇಕು. ಆಗ ಅವನನ್ನು ಮೇಲೆ ಇಟ್ಟುಕೊಳ್ಳಲು ತಂಡಕ್ಕೂ ಒಂದು ಕಾರಣ ಇರುತ್ತದೆ. ಅವನು ಒನ್-ವೇ ಕೇಳಿದ. ಅವರು ಕೊಡಲಿಲ್ಲ.

ಅವನಿಗೆ ಆಗ 23. ಯಾರೂ ಆರಿಸದಿದ್ದಾಗ ಕರೆದು ಒಪ್ಪಂದ ಕೊಟ್ಟಿದ್ದು ಇದೇ ತಂಡ. ಸಿಕ್ಕಿದ್ದೇ ಹೆಚ್ಚು ಅಂತ ಯಾರಾದರೂ ಹೇಳಬಹುದಾದ ಹುಡುಗ ಇದ್ದರೆ ಇವನೇ. ಟೂ-ವೇ ಅನ್ನುವುದು ಆಟದ ಲೋಕದ ಅತಿಥಿ ಹುದ್ದೆ. ಬೇಕಾದಾಗ ಕರೆಯುತ್ತೇವೆ, ಬೇಡವಾದಾಗ ಕಳಿಸುತ್ತೇವೆ, ಕುರ್ಚಿ ನಿನ್ನದಲ್ಲ.

ಅವನು ಸಹಿ ಹಾಕಲಿಲ್ಲ. ಮಾಸ್ಕೋಗೆ ಹೋದ.

ಡೈನಮೋ ಮಾಸ್ಕೋ ತಂಡಕ್ಕೆ ಒಂದು ವರ್ಷ ಆಡಿದ. ಅಲ್ಲಿನ ಇವತ್ತಿನ ದೊಡ್ಡ ಲೀಗ್ ಕೆಎಚ್‌ಎಲ್ ಇನ್ನೂ ಹುಟ್ಟಿರಲಿಲ್ಲ, ರಷ್ಯದ ಸೂಪರ್‌ಲೀಗ್ ಇತ್ತು. ರಿಂಕು ಅಂದರೆ ಆಡುವ ಮಂಜುಗಡ್ಡೆಯ ಅಂಗಳ. ಉತ್ತರ ಅಮೆರಿಕದ ರಿಂಕಿಗಿಂತ ಅಲ್ಲಿನದು ಅಗಲ. ಹದಿನೈದು ಅಡಿ ಹೆಚ್ಚು ಇದ್ದರೆ ಡಿಫೆನ್ಸ್ ಆಡುವವನಿಗೆ ಎಲ್ಲ ಲೆಕ್ಕವೂ ಹೊಸದು. ನಾನು ಮೇಲೆ ಹೇಳಿದ ಆ ಒಂದು ಮಾರು ಅಂತರ ಇದೆಯಲ್ಲ, ಅದನ್ನು ಮತ್ತೆ ಮೊದಲಿನಿಂದ ಕಲಿಯಬೇಕು. ಎದುರಾಳಿ ನುಸುಳಲು ಜಾಸ್ತಿ ಜಾಗ, ಪಕ್ ಹಿಡಿದು ಯೋಚಿಸಲು ತನಗೂ ಒಂದು ಕ್ಷಣ ಜಾಸ್ತಿ. ಆ ಡಿಸೆಂಬರ್‌ನಲ್ಲಿ ಸ್ವಿಟ್ಜರ್ಲೆಂಡಿನ ದಾವೋಸ್‌ನಲ್ಲಿ ಸ್ಪೆಂಗ್ಲರ್ ಕಪ್ ಗೆದ್ದ ಕೆನಡಾ ತಂಡದಲ್ಲೂ ಇದ್ದ.

ಹಾಗೆ ಹೋದವರೆಲ್ಲ ಮರಳಿ ಬರುವುದಿಲ್ಲ. ಯೂರೋಪಿಗೆ ಹೋದವನನ್ನು ಇಲ್ಲಿನವರು ಬೇಗ ಮರೆಯುತ್ತಾರೆ. ಅವನ ಜಾಗಕ್ಕೆ ಪ್ರತಿ ಜೂನ್‌ನಲ್ಲೂ ಹೊಸ ಹೆಸರುಗಳು ಬರುತ್ತಲೇ ಇರುತ್ತವೆ. ಕಾಲು ಮುರಿದಿದ್ದರೆ ಅಲ್ಲಿಗೆ ಕತೆ ಮುಗಿಯುತ್ತಿತ್ತು. ಆಗ ಇದೇ ಜನ ಏನೆನ್ನುತ್ತಿದ್ದರು ಅಂತ ನನಗೆ ಚೆನ್ನಾಗಿ ಗೊತ್ತು. ಸಿಕ್ಕಿದ್ದನ್ನು ಕಾಲಿನಿಂದ ಒದ್ದ ಅನ್ನುತ್ತಿದ್ದರು. ಅವನು ಗೆದ್ದನೆಂದು ಅವನ "ಇಲ್ಲ" ಸರಿಯಾಯಿತು ಅಂತ ನಾನು ಹೇಳುತ್ತಿಲ್ಲ. ಸೋತಿದ್ದರೂ ಅದು ಸರಿಯೇ ಇರುತ್ತಿತ್ತು. ತಾನು ಮಾಡುವ ಕೆಲಸ ಎಷ್ಟು ತೂಗುತ್ತದೆ ಅಂತ ಅವನಿಗೆ ಗೊತ್ತಿತ್ತು. ಬಾಗಿಲು ತೆರೆದವರು ಯಾರು ಅನ್ನುವುದು ಆ ತೂಕವನ್ನು ಕಡಿಮೆ ಮಾಡುವುದಿಲ್ಲ.

2008ರ ಜುಲೈನಲ್ಲಿ ಅದೇ ಫ್ಲೇಮ್ಸ್ ಅವನನ್ನು ವಾಪಸ್ ಕರೆಯಿತು. ಮೂರು ವರ್ಷದ ಒಪ್ಪಂದ.

ನಾನು ಇದೆಲ್ಲ ಓದಿದ್ದು 2012ರ ಆ ರಾತ್ರಿಯ ನಂತರದ ವಾರಗಳಲ್ಲಿ. ಹೊರಗೆ ಇನ್ನೂ ಹಿಮ. ನನಗೆ ಕೆಲಸ ಇರಲಿಲ್ಲ. ಅವನು ಮಾಸ್ಕೋಗೆ ಹೊರಟ ಬೇಸಿಗೆಯಲ್ಲೇ ನಾನು ಅತಿಥಿಯಾಗಿ ಸಹಿ ಹಾಕಿದ್ದೆ ಅಂತ ಹೊಳೆದಾಗ ಲ್ಯಾಪ್‌ಟಾಪ್ ಮುಚ್ಚಿಟ್ಟು ಸುಮ್ನೆ ಕೂತುಬಿಟ್ಟೆ. ನನಗೂ ಅವನಿಗೂ ಏನು ಸಂಬಂಧ. ಅವನ ಸಂಬಳದ ಲೆಕ್ಕ ಬೇರೆ, ನನ್ನದು ಬೇರೆ. ಅವನಿಗೆ ಹೋಗಲು ಮಾಸ್ಕೋ ಇತ್ತು, ನನಗೆ ಇರಲಿಲ್ಲ. ಆದರೂ ನನ್ನೊಳಗೆ ನಾಲ್ಕು ವರ್ಷದಿಂದ ಬಗ್ಗಿ ಕೂತಿದ್ದ ಏನೋ ಒಂದು ಅವತ್ತು ನೆಟ್ಟಗಾಯಿತು.

ಆಮೇಲಿನ ಅವನ ವರ್ಷಗಳನ್ನು ನಾನು ಇದೇ ಊರಿನಲ್ಲಿದ್ದು ನೋಡಿದೆ. 2013ರಲ್ಲಿ ಫ್ಲೇಮ್ಸ್ ತಂಡವನ್ನು ಕಳಚಿ ಹಾಕಿದರು. ಸುಮಾರು ಹತ್ತು ವರ್ಷ ಕ್ಯಾಪ್ಟನ್ ಆಗಿದ್ದ ಜರೋಮ್ ಇಗಿನ್ಲಾ ಪಿಟ್ಸ್‌ಬರ್ಗ್‌ಗೆ, ಕೆಲವೇ ದಿನಗಳಲ್ಲಿ ಬೌಮೀಸ್ಟರ್ ಸೇಂಟ್ ಲೂಯಿಸ್‌ಗೆ. ಜೂನ್‌ನಲ್ಲಿ ಬೋ ಮತ್ತು ಎಲ್ಬೋ ನದಿಗಳು ಉಕ್ಕಿ ಊರೊಳಗೆ ನುಗ್ಗಿದವು. ಸ್ಯಾಡಲ್‌ಡೋಮ್ ಒಳಗೆ ಕುರ್ಚಿಗಳ ಸಾಲು ಸಾಲೇ ಮುಳುಗಿದ ಫೋಟೋ ನೋಡಿ ನಮ್ಮ ಅಮ್ಮ ಗಾಬರಿಯಾಗಿ ಫೋನ್ ಮಾಡಿದ್ದಳು. ಅದನ್ನೆಲ್ಲ ಬಳಿದು, ಒಣಗಿಸಿ, ಮತ್ತೆ ಕಟ್ಟಿ ಅಕ್ಟೋಬರ್‌ಗೆ ಆಟ ಶುರು ಮಾಡಿದರು. ಹೊಸ ಕ್ಯಾಪ್ಟನ್ ಆಗಿ ಬಂದವನು ಜಿಯೋರ್ಡಾನೊ. ಇಲ್ಲಿ ಎಲ್ಲರೂ ಅವನನ್ನು ಜಿಯೋ ಅನ್ನುತ್ತಾರೆ. ಬಸ್ಸಿನಲ್ಲಿ, ಟಿಮ್ ಹಾರ್ಟನ್ಸ್ ಕಾಫಿ ಅಂಗಡಿಯ ಸಾಲಿನಲ್ಲಿ, ಜಿಯೋ ಹೀಗಾಡಿದ, ಜಿಯೋ ಹಾಗಾಡಿದ ಅಂತ ಮನೆಯ ಹುಡುಗನ ಬಗ್ಗೆ ಹೇಳಿದ ಹಾಗೆ.

ಆ ಅಕ್ಟೋಬರ್‌ನಲ್ಲೇ ಕಣಕಾಲಿನ ಮೂಳೆ ಮುರಿಯಿತು. ಮರುವರ್ಷ ಲೀಗಿನ ಅತ್ಯುತ್ತಮ ಡಿಫೆನ್ಸ್‌ಮನ್ ಇವನೇ ಅಂತ ಎಲ್ಲರೂ ಮಾತಾಡಲು ಶುರು ಮಾಡಿದ್ದರು, 2015ರ ಫೆಬ್ರವರಿಯಲ್ಲಿ ತೋಳಿನ ಸ್ನಾಯು ಹರಿದು ಆ ವರ್ಷದ ಆಟ ಮುಗಿಯಿತು. ಅವನಿಲ್ಲದೆ ಫ್ಲೇಮ್ಸ್ ಪ್ಲೇ-ಆಫ್‌ಗೆ ಹೋಗಿ ವ್ಯಾಂಕೂವರನ್ನು ಸೋಲಿಸಿತು. ಊರೆಲ್ಲ ಕುಣಿಯಿತು. ನನಗೆ ಮಾತ್ರ ಸೂಟು ಹಾಕಿಕೊಂಡು ಮೇಲೆ ಕೂತು ನೋಡಬೇಕಾದವನದೇ ಯೋಚನೆ.

ಶಾಟ್ ತಡೆಯುವುದರ ಬಗ್ಗೆ ಒಂದು ಮಾತು ಹೇಳಲೇಬೇಕು. ಎದುರಾಳಿ ಹೊಡೆದ ಪಕ್ ಗೋಲ್‌ಕೀಪರ್ ತನಕ ಹೋಗದ ಹಾಗೆ ಡಿಫೆನ್ಸ್‌ಮನ್ ತನ್ನ ಮೈಯನ್ನೇ ಅಡ್ಡ ಇಡುತ್ತಾನೆ. ಹೆಪ್ಪುಗಟ್ಟಿಸಿದ ಗಟ್ಟಿ ರಬ್ಬರು, ಗಂಟೆಗೆ ನೂರೈವತ್ತು ಕಿಲೋಮೀಟರ್ ಹತ್ತಿರದ ವೇಗ. ಮಂಡಿ, ಕಣಕಾಲು, ಬೆರಳು, ಎಲ್ಲಿ ಬೀಳುತ್ತದೋ ಹೇಳಲಾಗದು. ಎನ್‌ಎಚ್‌ಎಲ್ ಇದನ್ನು ಲೆಕ್ಕ ಇಡಲು ಶುರು ಮಾಡಿದ್ದು 2005-06ರಲ್ಲಿ, ಜಿಯೋ ಮೊದಲ ಪಂದ್ಯ ಆಡಿದ ವರ್ಷ. 2023ರಲ್ಲಿ ಆ ಲೆಕ್ಕದಲ್ಲಿ ಎಲ್ಲರನ್ನೂ ದಾಟಿ ಅವನು ಮೊದಲನೆಯವನಾದ. ಎರಡು ಸಾವಿರ ಶಾಟ್ ಹತ್ತಿರ. ನುಗ್ಗದೆ ಹೋದ ಹಂದಿಗಳನ್ನು ಕೊನೆಗೂ ಯಾರೋ ಎಣಿಸಿದರು ಅಂತ ನನಗೆ ಸಮಾಧಾನವಾಯಿತು.

2018-19 ಅವನ ವರ್ಷ. 35 ತುಂಬಿತ್ತು. ಆ ವಯಸ್ಸಿಗೆ ಹೆಚ್ಚಿನವರು ಇಳಿಯುತ್ತಿರುತ್ತಾರೆ. ಇವನು 78 ಪಂದ್ಯದಲ್ಲಿ 17 ಗೋಲು, 57 ಅಸಿಸ್ಟ್ (ಬೇರೆಯವರ ಗೋಲಿಗೆ ಪಕ್ ಒದಗಿಸಿದ್ದು). ಅಲ್ಲಿಯ ತನಕದ ಅವನ ಯಾವ ವರ್ಷದಲ್ಲೂ ಇಷ್ಟು ಇರಲಿಲ್ಲ. ಜೂನ್ 19ಕ್ಕೆ ಲಾಸ್ ವೇಗಸ್‌ನಲ್ಲಿ ನೋರಿಸ್ ಟ್ರೋಫಿ ಕೊಟ್ಟರು. ವರ್ಷದ ಅತ್ಯುತ್ತಮ ಡಿಫೆನ್ಸ್‌ಮನ್‌ಗೆ ಕೊಡುವಂಥದ್ದು. ಅದಕ್ಕೆ ಸರಿಯಾಗಿ ಒಂದು ವಾರ ಮುಂಚೆ, ಜೂನ್ 12ಕ್ಕೆ, ಸೇಂಟ್ ಲೂಯಿಸ್ ಸ್ಟ್ಯಾನ್ಲಿ ಕಪ್ ಗೆದ್ದಿತ್ತು. ಕಪ್ ಎತ್ತಿ ಹಿಡಿದವರಲ್ಲಿ ಬೌಮೀಸ್ಟರ್ ಕೂಡ ಇದ್ದ. ಆರು ದಿನದ ಅಂತರದಲ್ಲಿ ಹುಟ್ಟಿದವರು, ಏಳು ದಿನದ ಅಂತರದಲ್ಲಿ.

ಅವತ್ತು ಆ ಹಿರಿಯರಿಗೆ ಫೋನ್ ಮಾಡಿದೆ. ಅಷ್ಟರಲ್ಲಿ ಅವರು ನಿವೃತ್ತರಾಗಿ ಸಸ್ಕಾಚೆವನ್‌ನ ತಮ್ಮ ಊರಿಗೆ ಹೋಗಿದ್ದರು. "ನಾಲ್ಕೂ ಗೆದ್ದ, ಐದೂ ಗೆದ್ದ" ಅಂದೆ. ಅವರು ತುಂಬಾ ಹೊತ್ತು ನಕ್ಕರು. ಆಮೇಲೆ ಅಂದರು, "ನಾಲ್ಕರ ಮೇಲೂ ಭಾರ ಇತ್ತು ಕಣಮ್ಮ. ಮೂರನೆಯವನಾಗಿ ಆರಿಸಿದರು ಅಂತ ಹದಿನೇಳು ವರ್ಷ ಅವನನ್ನು ಅದೇ ತಕ್ಕಡಿಯಲ್ಲಿ ತೂಗಿದರು." ಅದನ್ನು ನಾನು ಯೋಚಿಸಿಯೇ ಇರಲಿಲ್ಲ. ಮರುವರ್ಷ ಫೆಬ್ರವರಿಯಲ್ಲಿ ಪಂದ್ಯದ ನಡುವೆ ಬೆಂಚಿನಲ್ಲೇ ಬೌಮೀಸ್ಟರ್ ಹೃದಯ ನಿಂತಿತು. ಅಲ್ಲಿದ್ದವರು ಬದುಕಿಸಿಕೊಂಡರು. ಆದರೆ ಅವನು ಮತ್ತೆ ಆಡಲಿಲ್ಲ.

ಜಿಯೋ ಇನ್ನೂ ಎರಡು ವರ್ಷ ಇಲ್ಲೇ ಆಡಿದ. ಒಟ್ಟು 949 ಪಂದ್ಯ ಈ ಊರಿಗೆ. 2021ರ ಜುಲೈನಲ್ಲಿ ಸಿಯಾಟಲ್‌ನ ಹೊಸ ತಂಡ ಕ್ರಾಕನ್‌ಗೆ ಆಟಗಾರರನ್ನು ಒದಗಿಸಲು ಇನ್ನೊಂದು ಬಗೆಯ ಡ್ರಾಫ್ಟ್ ನಡೆಯಿತು. ವೇಗಸ್ ಒಂದನ್ನು ಬಿಟ್ಟು ಉಳಿದ ಪ್ರತಿ ತಂಡವೂ ತಾನು ಬಿಟ್ಟುಕೊಡದ ಆಟಗಾರರ ಪಟ್ಟಿ ಕೊಡಬೇಕು. ಪಟ್ಟಿಯಲ್ಲಿ ಇಲ್ಲದವರಲ್ಲಿ ಒಬ್ಬನನ್ನು ಸಿಯಾಟಲ್ ಎತ್ತಿಕೊಳ್ಳಬಹುದು. ಕ್ಯಾಲ್ಗರಿ ಕೊಟ್ಟ ಪಟ್ಟಿಯಲ್ಲಿ ಕ್ಯಾಪ್ಟನ್ ಹೆಸರು ಇರಲಿಲ್ಲ. ಮತ್ತೊಮ್ಮೆ ಒಂದು ಪಟ್ಟಿ. ಸಿಯಾಟಲ್ ಅವನನ್ನೇ ಆರಿಸಿ ತನ್ನ ಮೊದಲ ಕ್ಯಾಪ್ಟನ್ ಮಾಡಿಕೊಂಡಿತು. ಅವತ್ತು ನಾನು ಅತ್ತೆ ಅಂದರೆ ನಮ್ಮ ಮನೆಯವರು ನಂಬಲಿಲ್ಲ. ಅತ್ತಿದ್ದು ನಿಜ.

ಅದೇ ವರ್ಷ ಡಿಸೆಂಬರ್‌ನಲ್ಲಿ ನನ್ನ ಹಳೆಯ ಸಹೋದ್ಯೋಗಿಯ ಫೋನ್ ಬಂತು. ನಾನು ಸೇರಿದ ವರ್ಷವೇ ಸೇರಿದವಳು. ನಾನು ಬಿಟ್ಟು ಬಂದೆ, ಅವಳು ಅಲ್ಲೇ ಉಳಿದಳು. ಹದಿನಾಲ್ಕು ವರ್ಷವಾದರೂ ಅತಿಥಿಯೇ. ಆ ತಿಂಗಳು ರಾಜ್ಯದ ಸರ್ಕಾರಿ ಪದವಿ ಕಾಲೇಜುಗಳ ಅತಿಥಿ ಉಪನ್ಯಾಸಕರು ತರಗತಿ ಬಹಿಷ್ಕರಿಸಿ ಧರಣಿ ಕೂತಿದ್ದರು. ಹಿಂದೆ ಘೋಷಣೆಯ ಗದ್ದಲ ಕೇಳುತ್ತಿತ್ತು.

"ಎಲ್ಲಿದ್ದೀಯೇ?" ಅಂದೆ.

"ರಸ್ತೇಲಿ ಕೂತಿದ್ದೀನಿ ಕಣೇ. ಮೊದಲನೇ ಸಲ ಸಹಿ ಹಾಕಲ್ಲ ಅಂತ ಹೇಳಿ ಬಂದೆ. ಕೈ ನಡುಗ್ತಿತ್ತು."

ನನಗೆ ಮಾತು ಹೊರಡಲಿಲ್ಲ. ಊಟ ಆಯ್ತಾ ಅಂತ ಕೇಳಿದೆ. ಚಿತ್ರಾನ್ನ ತಂದಿದ್ದಾರೆ, ಎಲ್ಲರೂ ಹಂಚ್ಕೊಂಡು ತಿಂತಿದ್ದೀವಿ ಅಂದಳು.

ಎರಡು ತಿಂಗಳ ನಂತರ, 2022ರ ಫೆಬ್ರವರಿಯಲ್ಲಿ, ಸಿಯಾಟಲ್ ತಂಡ ಸ್ಯಾಡಲ್‌ಡೋಮ್‌ಗೆ ಆಡಲು ಬಂತು. ನಾವು ಮನೆಯಲ್ಲಿ ಟಿವಿ ಮುಂದೆ. ನಡುವೆ ಆಟ ನಿಲ್ಲಿಸಿ ದೊಡ್ಡ ಪರದೆಯ ಮೇಲೆ ಅವನ ಹಳೆಯ ಆಟದ ತುಣುಕುಗಳನ್ನು ಹಾಕಿದರು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಬೇರೆ ಬಣ್ಣದ ಅಂಗಿ, ಬೆನ್ನ ಮೇಲೆ ಅದೇ ಐದನೇ ನಂಬರು. ನಾನೂ ಸೋಫಾ ಬಿಟ್ಟು ಎದ್ದು ನಿಂತೆ. ಮಗಳು ನನ್ನನ್ನು ನೋಡಿ ಅವಳೂ ಎದ್ದಳು.

ಆಮೇಲೆ ಪಕ್ ಬಿತ್ತು. ಕೆಂಪು ಅಂಗಿಯವನೊಬ್ಬ ಅದನ್ನು ಎತ್ತಿಕೊಂಡು ನುಗ್ಗಿ ಬಂದ. ಜಿಯೋ ಅವನ ಕಡೆ ಮುಖ ಮಾಡಿ ಹಿಂದಕ್ಕೆ ಜಾರುತ್ತಾ ಹೋದ, ಒಂದು ಮಾರು ದೂರದಲ್ಲಿ.